ಬೀಗ ಹಾಕಿದ ಐನ್‌ಮನೆಯ ಮುಂದಿನ ಶನಿವಾರಗಳು

ನನ್ನ ಜೀವನದ ದೊಡ್ಡ ದಡ್ಡತನ ಮದುವೆಯಲ್ಲ. ಮದುವೆ ಎಲ್ಲರೂ ಮಾಡಿಕೊಳ್ಳುತ್ತಾರೆ, ಕೆಲವರದ್ದು ಕೆಡುತ್ತದೆ, ಅದಕ್ಕೆ ಯಾರೇನು ಮಾಡಲಿಕ್ಕಾಗುತ್ತದೆ. ನನ್ನ ದಡ್ಡತನ ನಡೆದದ್ದು ಕೋರ್ಟಿನಲ್ಲಿ, ಜನ ತುಂಬಿದ ಹಾಲ್‌ನಲ್ಲಿ, ನ್ಯಾಯಾಧೀಶರು ಎರಡು ಸಲ ಕೇಳಿ ಎಚ್ಚರಿಸಿದ ಮೇಲೆ.

ನಾನು ತಿತಿಮತಿ ಕಡೆಯ ಒಂದು ಸಣ್ಣ ಅಂಚೆ ಕಚೇರಿಯಲ್ಲಿ ಬಟವಾಡೆ ಕೆಲಸದವಳು. ಬೆಳಿಗ್ಗೆ ಸ್ಕೂಟರ್ ಹತ್ತಿದರೆ ಎಸ್ಟೇಟಿನ ಲೈನ್ ಮನೆಗಳು, ಕಾಡಂಚಿನ ಆದಿವಾಸಿ ಹಾಡಿಗಳು, ದಾರಿಗೆ ಆನೆ ಬಂದಿದೆ ಅಂದರೆ ಅಲ್ಲೇ ಯಾರದೋ ಅಂಗಳದಲ್ಲಿ ಎರಡು ಗಂಟೆ. ಗಂಡನ ಮನೆ ಜಿಲ್ಲೆಯ ಇನ್ನೊಂದು ತುದಿಯಲ್ಲಿ, ಭಾಗಮಂಡಲದ ದಾರಿಯಲ್ಲಿ. ಅವರೂ ನಮ್ಮಂತೆಯೇ ಅರೆಭಾಷೆ ಮಾತಾಡುವ ಗೌಡರು, ಆದರೆ ತೋಟ ಇದ್ದವರು. ನಾವು ಬೇರೆಯಾಗುವಾಗ ಮಗಳಿಗೆ ಏಳು ವರ್ಷ. ಅವಳ ಶಾಲೆ ಅಲ್ಲಿತ್ತು, ಜೊತೆಯ ಮಕ್ಕಳು ಅಲ್ಲಿದ್ದರು. ನಾನು ಕಾಗದ ಹಂಚಲು ಹೋದಾಗ ಇಲ್ಲಿ ಅವಳನ್ನು ನೋಡಿಕೊಳ್ಳಲು ಯಾರಿದ್ದರು? ಅದಕ್ಕೇ ನಾನು ಜಗಳ ಎಳೆಯಲಿಲ್ಲ. ಶಾಲೆಯ ದಿನಗಳಲ್ಲಿ ಅಪ್ಪನ ಹತ್ತಿರ ಇರಲಿ, ತಿಂಗಳ ಎರಡನೇ ಮತ್ತು ನಾಲ್ಕನೇ ಶನಿವಾರ ಹನ್ನೊಂದು ಗಂಟೆಯಿಂದ ಭಾನುವಾರ ಸಂಜೆಯವರೆಗೆ ನನ್ನ ಹತ್ತಿರ, ದೊಡ್ಡ ರಜೆಯಲ್ಲಿ ಅರ್ಧ ಅರ್ಧ. ಇಬ್ಬರೂ ಒಪ್ಪಿ ಸಹಿ ಹಾಕಿದೆವು. ಮಗಳನ್ನು ಬಿಟ್ಟುಕೊಟ್ಟ ತಾಯಿ ಅಂತ ನನ್ನನ್ನು ಕರೆದವರಿಗೆ ಆ ಕಾಗದವನ್ನು ಓದುವ ವ್ಯವಧಾನ ಇರಲಿಲ್ಲ.

ಮಗುವನ್ನು ಒಪ್ಪಿಸುವ ಜಾಗ ಯಾವುದು ಎಂದು ನ್ಯಾಯಾಧೀಶರು ಕೇಳಿದರು. ಕೋರ್ಟಿನ ಕಟ್ಟಡದಲ್ಲೇ ಮಕ್ಕಳ ಕೋಣೆ ಇದೆ, ಶನಿವಾರವೂ ಒಬ್ಬರು ಸಿಬ್ಬಂದಿ ಇರುತ್ತಾರೆ, ಬಂದವರ ಹೆಸರು ಪುಸ್ತಕದಲ್ಲಿ ಬರೆಯುತ್ತಾರೆ, ಅಲ್ಲಿ ಆಗಬಹುದಲ್ಲ ಎಂದರು. ನನಗೆ ಮೈ ಉರಿಯಿತು. ನನ್ನ ಮಗಳು ಏನು ಕಳ್ಳಮಾಲೇ, ಕೋರ್ಟಿನಲ್ಲಿ ಕೈ ಬದಲಾಗಲು? ಎದ್ದು ನಿಂತು ಹೇಳಿದೆ, ಅವರ ಐನ್‌ಮನೆಯಲ್ಲಿ ಆಗಲಿ ಸ್ವಾಮಿ ಎಂದು.

ಹೊರಗಿನವರಿಗೆ ಇದು ಅರ್ಥವಾಗಲಿಕ್ಕಿಲ್ಲ. ಐನ್‌ಮನೆ ಅಂದರೆ ಒಂದು ಕುಟುಂಬದ ಎಲ್ಲ ಶಾಖೆಗಳಿಗೂ ಸೇರಿದ ಮೂಲದ ಮನೆ. ಕುಟುಂಬದ ಕಾರಣರು, ಅಂದರೆ ಹಿಂದೆ ಬಾಳಿ ಹೋದ ಹಿರಿಯರು, ಅಲ್ಲೇ ನೆಲೆಸಿದ್ದಾರೆ ಎಂದು ನಂಬಿಕೆ. ಮದುಮಗಳಾಗಿ ನಾನು ಮೊದಲು ಬಲಗಾಲಿಟ್ಟದ್ದು ಗಂಡನ ಮನೆಗಲ್ಲ, ಆ ಐನ್‌ಮನೆಗೆ. ಅಲ್ಲಿಯ ದೀಪದ ಮುಂದೆ ಸುಳ್ಳು ಹೇಳಿದವನ ಮನೆಯಲ್ಲಿ ಬೆಂಕಿ ಉರಿಯುವುದಿಲ್ಲ ಎಂದು ನನಗೆ ಚಿಕ್ಕಂದಿನಿಂದ ಹೇಳಿಕೊಟ್ಟಿದ್ದರು. ಅಂಥ ಜಾಗದಲ್ಲಿ ಒಂದು ಮಗುವಿನ ವಿಷಯದಲ್ಲಿ ಯಾರು ಮೋಸ ಮಾಡುತ್ತಾರೆ ಎಂದು ನಾನು ಎಣಿಸಿದ್ದೆ. ನ್ಯಾಯಾಧೀಶರು ಕನ್ನಡಕ ತೆಗೆದು ಇನ್ನೊಮ್ಮೆ ಕೇಳಿದರು, ಅಲ್ಲಿ ಯಾರಾದರೂ ವಾಸ ಇದ್ದಾರಾ ಎಂದು. ಇಲ್ಲ, ಆದರೆ ಅದು ಐನ್‌ಮನೆ ಎಂದೆ. ಗಂಡನ ಕುಟುಂಬದ ಪಟ್ಟೆದಾರರು, ಅಂದರೆ ಕುಟುಂಬದ ಯಜಮಾನರು, ಹಿಂದಿನ ಬೆಂಚಿನಲ್ಲಿ ಕೂತಿದ್ದರು. ಅವರು ಎದ್ದು ಕೈ ಮುಗಿದು, ನಮ್ಮ ಸೊಸೆ ಸರಿಯಾದ ಮಾತು ಹೇಳಿದಳು ಎಂದರು. ಆ ಹೊತ್ತಿಗೆ ನನಗೆ ಹೆಮ್ಮೆಯಾಯಿತು. ಈಗ ನೆನೆದರೆ ನನ್ನ ಕೆನ್ನೆಗೆ ನಾನೇ ಬಾರಿಸಿಕೊಳ್ಳಬೇಕು ಅನ್ನಿಸುತ್ತದೆ.

ಆ ಮನೆಗೆ ವರ್ಷದಲ್ಲಿ ಮೂರು ಸಲ ಬೀಗ ತೆಗೆಯುತ್ತಾರೆ. ಆಯುಧದ ಹಬ್ಬ ಕೈಲ್ ಮುಹೂರ್ತಕ್ಕೆ ಕೋವಿ ಪೂಜೆ ಮಾಡಲು, ಸುಗ್ಗಿಯ ಹಬ್ಬ ಪುತ್ತರಿಗೆ ಕದಿರು ತರಲು, ಕಾರಣರಿಗೆ ಎಡೆ ಇಡಲು. ಉಳಿದ ದಿನ ಅಲ್ಲಿ ಬಾವಲಿಗಳದ್ದೇ ಸಂಸಾರ. ಹತ್ತಿರದ ಮನೆಗೆ ಒಂದು ಗದ್ದೆ ಬಯಲು ದಾಟಬೇಕು. ಒಬ್ಬಳು ಹೆಂಗಸು ಅಲ್ಲಿ ಬಂದಳೋ, ಇಲ್ಲವೋ, ಎಷ್ಟು ಹೊತ್ತು ನಿಂತಳೋ, ನೋಡಲು ಒಂದು ನರಪಿಳ್ಳೆ ಇಲ್ಲ.

ಮೊದಲ ಶನಿವಾರ ಮಗಳನ್ನು ತಂದರು. ಪಟ್ಟೆದಾರರೇ ಕೈ ಹಿಡಿದು ಒಪ್ಪಿಸಿದರು. ಎರಡನೇ ಸಲ ಜ್ವರ ಎಂದು ಫೋನು ಬಂತು. ಮೂರನೇ ಸಲ ಕಾಫಿ ಪಿಕ್ಕಿಂಗ್, ಜೀಪು ಬಿಡುವಿಲ್ಲ. ನಾಲ್ಕನೇ ಸಲ ಯಾರದೋ ಮದುವೆ. ಐದನೆಯದಕ್ಕೆ ಫೋನೂ ಬರಲಿಲ್ಲ, ನಾನು ಮಾಡಿದ್ದನ್ನು ಎತ್ತಲೂ ಇಲ್ಲ.

ನಾನು ಮಾತ್ರ ಹೋದೆ. ನನ್ನ ಜಾಗಕ್ಕೆ ಬದಲಿಯವರನ್ನು ಒಪ್ಪಿಸಿ, ಗೋಣಿಕೊಪ್ಪ, ವಿರಾಜಪೇಟೆ, ನಾಪೋಕ್ಲು ಎಂದು ಬಸ್ಸು ಬದಲಿಸಿ, ಕೊನೆಯ ಎರಡು ಮೈಲಿ ನಡೆದು, ಹನ್ನೊಂದಕ್ಕೆ ಹತ್ತು ನಿಮಿಷ ಇರುವಾಗ ಅಂಗಳದಲ್ಲಿ ಇರುತ್ತಿದ್ದೆ. ಐನ್‌ಮನೆಯ ಮುಂಭಾಗದಲ್ಲಿ ಕಂಬದಿಂದ ಕಂಬಕ್ಕೆ ದಪ್ಪ ಹಲಗೆ ಹಾಸಿರುತ್ತಾರೆ, ಅದಕ್ಕೆ ಐಮರ ಅನ್ನುತ್ತಾರೆ. ಹಿರಿಯ ಗಂಡಸರು ಕೂರುವ ಜಾಗ ಅದು, ಸೊಸೆಯಂದಿರು ಕೂರುವುದಿಲ್ಲ. ಬಾಗಿಲಿಗೆ ಬೀಗ, ಒಳಗೆ ಯಾರೂ ಇಲ್ಲ, ಆದರೂ ನಾನು ಕೂರಲಿಲ್ಲ. ಮಧ್ಯಾಹ್ನದ ಬಸ್ಸಿನ ಹೊತ್ತಿನವರೆಗೆ ಅಂಗಳದಲ್ಲೇ ನಿಂತಿರುತ್ತಿದ್ದೆ. ಏಳನೇ ಶನಿವಾರ ಕೂತೆ. ಎಂಟನೆಯದಕ್ಕೆ ಅಲ್ಲೇ ಬುತ್ತಿ ಬಿಚ್ಚಿ ಉಂಡೆ. ಒಂಬತ್ತನೆಯದಕ್ಕೆ ಸೆರಗು ಹಾಸಿ ಮಲಗಿ ನಿದ್ದೆಯನ್ನೂ ಮಾಡಿದೆ. ಕಾರಣರಿಗೆ ಸಿಟ್ಟು ಬರುವುದಾದರೆ ಬರಲಿ, ಬಂದು ಯಾರ ಮೇಲೆ ಬರಬೇಕೋ ನೋಡಿಕೊಳ್ಳಲಿ ಎಂದುಕೊಂಡೆ.

ಕೋರ್ಟಿನ ಆದೇಶ ಬಂದರೆ ಕೆಲಸ ಮುಗಿಯಿತು ಎಂದು ನಾನು ನಂಬಿದ್ದೆ. ಮೊಹರು ಬಿದ್ದ ಕಾಗದ ಅಂದರೆ ನನಗೆ ಗೌರವ, ನನ್ನ ಅನ್ನವೇ ಅದರಿಂದ. ವಕೀಲೆ ನಕ್ಕರು. ಅವರು ವಿರಾಜಪೇಟೆಯವರು, ನನಗಿಂತ ಚಿಕ್ಕವರು. ಆದೇಶ ತಾನಾಗಿ ಏನೂ ಮಾಡುವುದಿಲ್ಲ ಅಕ್ಕ, ಅದನ್ನು ಜಾರಿ ಮಾಡಿ ಎಂದು ಅದೇ ಕೋರ್ಟಿಗೆ ಇನ್ನೊಂದು ಅರ್ಜಿ ಹಾಕಬೇಕು, ಅದಕ್ಕೆ ಅಮಲ್ಜಾರಿ ಅರ್ಜಿ ಅನ್ನುತ್ತಾರೆ ಎಂದರು. ಬೇಕೆಂದೇ ಆದೇಶ ಮೀರಿದ್ದಾನೆ ಎಂದು ತೋರಿಸಿದರೆ ಅವನ ಆಸ್ತಿ ಜಪ್ತಿ ಮಾಡಬಹುದು, ಸಿವಿಲ್ ಜೈಲಿಗೂ ಕಳಿಸಬಹುದು. ಹೈಕೋರ್ಟಿನಲ್ಲಿ ನ್ಯಾಯಾಂಗ ನಿಂದನೆಯ ದಾರಿಯೂ ಇದೆ, ಅದು ದೂರದ ದಾರಿ ಎಂದರು. ದೇವರು ವರ ಕೊಟ್ಟರೂ ಪೂಜಾರಿ ಕೊಡ ಅನ್ನುವುದನ್ನು ನಾನು ದೇವಸ್ಥಾನದ ಮಾತು ಅಂದುಕೊಂಡಿದ್ದೆ. ಗೆದ್ದವಳು ಗೆದ್ದದ್ದನ್ನು ಪಡೆಯಲು ಮತ್ತೆ ಮೊದಲಿನಿಂದ ಅಂಗಲಾಚಬೇಕು ಅನ್ನುವುದು ಯಾವ ನ್ಯಾಯ?

ಅರ್ಜಿ ಹಾಕಿದೆವು. ಗಂಡನಿಗೆ ಹೋದ ನೋಟಿಸು ತಿರುಗಿ ಬಂತು. ತೆಗೆದುಕೊಂಡು ಹೋದ ಕೋರ್ಟಿನ ಜವಾನ ಮನೆಗೆ ಬೀಗ ಎಂದು ಬರೆದಿದ್ದ. ಮತ್ತೆ ಕಳಿಸಿದರು, ಊರಲ್ಲಿಲ್ಲ ಎಂದು ಬಂತು. ನಾನು ಮರದ ಏಣಿಯ ಮೇಲೆ ಕರಿಮೆಣಸು ಕೊಯ್ಯುತ್ತಿದ್ದವನಿಗೆ ಏಣಿ ಹತ್ತಿ ರಿಜಿಸ್ಟರ್ ಕಾಗದ ಕೊಟ್ಟು ಸಹಿ ಹಾಕಿಸಿಕೊಂಡು ಇಳಿದವಳು. ಹೊಳೆಯಲ್ಲಿ ಬಟ್ಟೆ ಒಗೆಯುತ್ತಿದ್ದವಳ ಒದ್ದೆ ಹೆಬ್ಬೆಟ್ಟು ಒತ್ತಿಸಿಕೊಂಡು ಬಂದವಳು. ದಿನಾ ಬೆಳಿಗ್ಗೆ ನಲವತ್ತು ಆಳುಗಳ ಹಾಜರಿ ಕರೆಯುವ ಮನುಷ್ಯ, ಪಿಕ್ಕಿಂಗ್ ಕಾಲದಲ್ಲಿ, ಸಿಗಲಿಲ್ಲವಂತೆ. ಅಂಗೈ ಹುಣ್ಣಿಗೆ ಕನ್ನಡಿ ಬೇಕೇ? ಮೂರನೇ ಸಲ ನೋಟಿಸನ್ನು ಬಾಗಿಲಿಗೆ ಅಂಟಿಸಿ ಬರಲು ಆದೇಶವಾದ ಮೇಲೆ ಮಹಾಶಯರು ಕಾಣಿಸಿಕೊಂಡರು.

ಕಾಣಿಸಿಕೊಂಡವರು ಬರಿಗೈಯಲ್ಲಿ ಬರಲಿಲ್ಲ. ಪಟ್ಟೆದಾರರ ಪ್ರಮಾಣಪತ್ರ ತಂದಿದ್ದರು. ಪ್ರತಿ ಎರಡನೇ, ನಾಲ್ಕನೇ ಶನಿವಾರವೂ ನಾವೇ ಮುಂದೆ ನಿಂತು ಮಗುವನ್ನು ಐನ್‌ಮನೆಗೆ ಕರೆತಂದು ಮಧ್ಯಾಹ್ನದವರೆಗೆ ಕಾದಿದ್ದೇವೆ, ತಾಯಿ ಒಮ್ಮೆಯೂ ಬರಲಿಲ್ಲ ಎಂದು ಅದರಲ್ಲಿ ಬರೆದಿತ್ತು. ಕೆಳಗೆ ಅವರ ಸಹಿ. ನಾನು ಅವರ ಮುಖ ನೋಡಿದೆ, ಅವರು ಫ್ಯಾನಿನ ಕಡೆ ನೋಡಿದರು. ನನ್ನ ನಂಬಿಕೆ ಪೂರ್ತಿ ತಪ್ಪೇನಲ್ಲ, ಅವರು ಐನ್‌ಮನೆಯ ದೀಪದ ಮುಂದೆ ಸುಳ್ಳು ಹೇಳಲಿಲ್ಲ. ಅದಕ್ಕೆ ಕೋರ್ಟು ಇಟ್ಟುಕೊಂಡಿದ್ದರು.

ನೀವು ಹೋಗಿದ್ದಕ್ಕೆ ಸಾಕ್ಷಿ ಏನು ಎಂದು ಕೇಳಿದರು. ನಾನು ಬಸ್ಸಿನ ಟಿಕೇಟುಗಳನ್ನು ಒಂದು ಬಿಸ್ಕತ್ತಿನ ಡಬ್ಬದಲ್ಲಿ ಜೋಡಿಸಿಟ್ಟಿದ್ದೆ. ಅದನ್ನು ತಂದು ನ್ಯಾಯಾಧೀಶರ ಮೇಜಿನ ಮೇಲೆ ಇಟ್ಟರೆ, ಮೆಷಿನ್ನಿನಲ್ಲಿ ಬರುವ ಆ ಟಿಕೇಟುಗಳ ಅಕ್ಷರವೆಲ್ಲ ಹಾರಿಹೋಗಿ ಬಿಳಿ ಚೀಟಿಗಳಾಗಿದ್ದವು. ಎದುರು ವಕೀಲರು ಒಂದನ್ನು ಬೆಳಕಿಗೆ ಹಿಡಿದು ನೋಡಿ, ಇದರಲ್ಲಿ ಯಾವ ಊರು ಬರೆದಿದೆ ಸ್ವಾಮಿ, ನನಗೆ ಕಾಣುತ್ತಿಲ್ಲ ಎಂದರು. ಕೋರ್ಟ್ ಹಾಲ್‌ನಲ್ಲಿ ಇಬ್ಬರು ಮೂವರು ನಕ್ಕರು. ಆ ನಗು ನನಗೆ ಇವತ್ತಿಗೂ ಕೇಳುತ್ತದೆ, ಮತ್ತು ನಕ್ಕವರಲ್ಲಿ ಒಬ್ಬನ ಮುಖ ನನಗೆ ಚೆನ್ನಾಗಿ ಗೊತ್ತಿದೆ, ನನ್ನ ಜೊತೆ ಸಂಸಾರ ಮಾಡಿದವನದ್ದು.

ವಾಯಿದೆ ಮುಂದೆ ಹೋಯಿತು. ಆ ದಿನ ಬಸ್ಸಿನಲ್ಲಿ ಬರುತ್ತಾ ನನ್ನ ಮೇಲೇ ನನಗೆ ಹೇಸಿಗೆ ಆಯಿತು. ದಿನಾ ಮೊಹರು ಒತ್ತುವವಳಿಗೆ ಮೊಹರಿನ ಬುದ್ಧಿ ಬರಲಿಲ್ಲವಲ್ಲ. ಐನ್‌ಮನೆಯಿಂದ ಇಳಿದು ಬಂದರೆ ಆ ಊರಿನ ಅಂಚೆ ಕಚೇರಿ ಇದೆ, ಶನಿವಾರವೂ ತೆರೆದಿರುತ್ತದೆ. ಮುಂದಿನ ಶನಿವಾರದಿಂದ ನಾನು ಒಂದು ಕೆಲಸ ಮಾಡಿದೆ. ಐಮರದ ಮೇಲೆ ಕೂತು ಒಂದು ಅಂಚೆ ಕಾರ್ಡು ಬರೆಯುವುದು. ಇವತ್ತು ಹನ್ನೊಂದರಿಂದ ಒಂದೂವರೆವರೆಗೆ ಇದ್ದೆ, ಯಾರೂ ಬರಲಿಲ್ಲ, ಬೀಗದ ಮೇಲೆ ಜೇಡರಬಲೆ ಹಾಗೇ ಇದೆ, ಇಷ್ಟೇ. ವಿಳಾಸ ನನ್ನದೇ. ಕೆಳಗಿನ ಕಚೇರಿಯಲ್ಲಿ ದಿನಾಂಕದ ದುಂಡು ಮೊಹರು ಸ್ಪಷ್ಟವಾಗಿ ಬೀಳುವಂತೆ ಒತ್ತಿಸುವುದು. ಅದು ಶಾಯಿಯ ಮೊಹರು, ಹಾರಿಹೋಗುವುದಿಲ್ಲ. ಮೂರು ದಿನಕ್ಕೆ ಕಾರ್ಡು ನಮ್ಮ ಕಚೇರಿಗೆ ಬರುತ್ತಿತ್ತು. ನಾನೇ ವಿಂಗಡಿಸಿ, ನಾನೇ ಚೀಲಕ್ಕೆ ಹಾಕಿ, ಸಂಜೆ ಮನೆಗೆ ಹೋಗಿ ನನಗೆ ನಾನೇ ಬಟವಾಡೆ ಮಾಡಿಕೊಳ್ಳುತ್ತಿದ್ದೆ. ಹದಿಮೂರು ಕಾರ್ಡುಗಳಾದವು.

ಹದಿಮೂರನ್ನೂ ನ್ಯಾಯಾಧೀಶರು ಒಂದೊಂದಾಗಿ ಓದಿದರು. ಪಟ್ಟೆದಾರರನ್ನು ಕಟಕಟೆಗೆ ಕರೆದು, ಈ ದಿನಗಳಲ್ಲೂ ನೀವು ಅಲ್ಲಿದ್ದಿರಾ ಎಂದು ಕೇಳಿದರು. ಅವರು ವಯಸ್ಸಾಯಿತು, ಮರೆವು ಎಂದರು. ಸಹಿ ಹಾಕುವಾಗ ಮರೆವು ಇರಲಿಲ್ಲ ನೋಡಿ. ಗಂಡ ಬೇಕೆಂದೇ ಆದೇಶ ಮೀರಿದ್ದಾನೆ ಎಂದು ಕೋರ್ಟು ಬರೆಯಿತು, ಇನ್ನು ಮುಂದೆ ಮಗುವನ್ನು ಒಪ್ಪಿಸುವುದು ಕೋರ್ಟಿನ ಮಕ್ಕಳ ಕೋಣೆಯಲ್ಲೇ ಎಂದೂ ಬರೆಯಿತು. ಎರಡು ಶನಿವಾರ ನಾನು ಆ ಕೋಣೆಯಲ್ಲಿ ಕೂತೆ. ಪುಸ್ತಕದಲ್ಲಿ ನನ್ನದೊಂದೇ ಹೆಸರು ಬಿತ್ತು.

ಇನ್ನು ಜಪ್ತಿಯೇ ದಾರಿ ಎಂದು ವಕೀಲೆ ಅವನ ಆಸ್ತಿಯ ಪಟ್ಟಿ ಮಾಡಲು ಕೂತರು. ತೋಟ ಜಮ್ಮಾ ಜಮೀನು, ಇಡೀ ಕುಟುಂಬದ್ದು, ಪಹಣಿಯಲ್ಲಿ ಪಟ್ಟೆದಾರರ ಹೆಸರು. ಜೀಪು ಅವನ ಅಣ್ಣನದ್ದು. ಮನೆ ಅಮ್ಮನದ್ದು. ಬ್ಯಾಂಕಿನಲ್ಲಿ ಇರುವುದು ಸಾಲ. ನಲವತ್ತು ಆಳಿಗೆ ಯಜಮಾನ, ಕಾಗದದ ಮೇಲೆ ಭಿಕಾರಿ. ಕೊನೆಗೆ ಅವನ ಹೆಸರಿನಲ್ಲೇ ಇರುವ ಒಂದೇ ಒಂದು ವಸ್ತು ಸಿಕ್ಕಿತು, ಕೋವಿ. ವಕೀಲೆ ಪೆನ್ನು ಎತ್ತಿ ನನ್ನ ಮುಖ ನೋಡಿದರು. ಬರೆಯಿರಿ ಎಂದೆ.

ಆ ಪಟ್ಟಿಯ ಪ್ರತಿ ಅವರಿಗೆ ಹೋದ ಮೂರನೇ ದಿನ ನನ್ನ ಬಾಡಿಗೆ ಮನೆಯ ಮುಂದೆ ಎರಡು ಜೀಪು ನಿಂತವು. ಇಪ್ಪತ್ತು ತಿಂಗಳು ಒಬ್ಬರಾದರೂ ಬಂದು ನೀನು ಹೇಗಿದ್ದೀಯ, ಮಗುವನ್ನು ನೋಡಿದೆಯಾ ಎಂದು ಕೇಳದವರು, ಈಗ ಬೆಳ್ಳಂಬೆಳಿಗ್ಗೆ ಬೆಟ್ಟ ಇಳಿದು ಒಂಬತ್ತು ಜನ ಬಂದಿದ್ದರು. ಕೂರಿಸಲು ನನ್ನಲ್ಲಿ ಅಷ್ಟು ಕುರ್ಚಿ ಇರಲಿಲ್ಲ. ಪಟ್ಟೆದಾರರು ನಿಂತುಕೊಂಡೇ ನಮ್ಮ ಅರೆಭಾಷೆಯಲ್ಲಿ ಮಾತಾಡಿದರು.

“ಕೋವಿ ಕೋರ್ಟಿಗೆ ಹೋದರೆ ಕೈಲ್ ಮುಹೂರ್ತಕ್ಕೆ ಐನ್‌ಮನೆಲಿ ಎಂತ ಇಟ್ಟು ಪೂಜೆ ಮಾಡ್ದು? ಕುಟುಂಬದ ಮಾನದ ವಿಷಯ ಉಟ್ಟು, ಗೊತ್ತುಟ್ಟಾ ನಿಂಗೆ?”

“ನನ್ನ ಮಗಳ ವಿಷಯ ಇಲ್ಲೆಯಾ?” ಎಂದೆ.

ಮಗಳನ್ನು ಕೊಡುತ್ತೇವೆ, ಕಾರಣರ ಮೇಲೆ ಆಣೆ, ನೀನು ಅರ್ಜಿ ವಾಪಸು ತೆಗೆದುಕೋ ಎಂದು ಎಲ್ಲರೂ ಒಟ್ಟಿಗೆ ಶುರು ಮಾಡಿದರು. ಹೆಣ್ಣುಮಗುವಿನ ತಂದೆಯನ್ನು ಊರ ಮುಂದೆ ಕುಗ್ಗಿಸಿದರೆ ನಾಳೆ ಅವಳನ್ನು ಯಾರು ಮಾಡಿಕೊಳ್ಳುತ್ತಾರೆ ಎಂದು ಒಬ್ಬರು ಬುದ್ಧಿ ಹೇಳಿದರು. ಅವಳಿಗೆ ಒಂಬತ್ತು ವರ್ಷ. ಮೂರನೇ ಕ್ಲಾಸು ಮುಗಿದು ನಾಲ್ಕಕ್ಕೆ ಬಂದಿದ್ದಳು, ಎಷ್ಟು ಎತ್ತರ ಆಗಿದ್ದಾಳೆ ಅನ್ನುವುದೂ ನನಗೆ ಗೊತ್ತಿರಲಿಲ್ಲ. ಅವಳ ಮದುವೆಯ ಚಿಂತೆ ಇವರಿಗೆ! ಇದೇ ಆಣೆಯನ್ನು ಕೋರ್ಟಿನಲ್ಲಿ ಬರೆದು ಕೊಡಿ, ಇಲ್ಲವಾದರೆ ಜೀಪು ಹತ್ತಿ ಎಂದೆ. ಚಹಾ ಕೊಡಲಿಲ್ಲ. ನಮ್ಮಲ್ಲಿ ಮನೆಗೆ ಬಂದವರಿಗೆ ಚಹಾ ಕೊಡದಿರುವುದು ಬೈದದ್ದಕ್ಕಿಂತ ಹೆಚ್ಚು. ಅದು ತಿಳಿದೇ ಕೊಡಲಿಲ್ಲ.

ಅವರು ಬರೆದು ಕೊಡಲಿಲ್ಲ. ಅದರ ಬದಲು, ಕೋವಿ ಕುಟುಂಬದ ಪೂಜೆಯ ವಸ್ತು, ಒಬ್ಬನದ್ದಲ್ಲ ಎಂದು ತಕರಾರು ಹಾಕಿದರು. ಅದರ ವಿಚಾರಣೆ ವರ್ಷ ಹಿಡಿಯುತ್ತದೆ ಎಂದು ವಕೀಲೆ ಹೇಳಿದರು. ಉಳಿದದ್ದು ಸಿವಿಲ್ ಜೈಲು. ಅದಕ್ಕೂ ಒಂದು ಷರತ್ತಿದೆ ಅಕ್ಕ, ಕೇಳಿ ಸಿಟ್ಟಾಗಬೇಡಿ ಎಂದರು. ಅವನು ಜೈಲಿನಲ್ಲಿರುವಷ್ಟು ದಿನ ಅವನ ಊಟದ ಭತ್ಯೆಯನ್ನು ಅರ್ಜಿ ಹಾಕಿದವರೇ ಮುಂಗಡ ಕಟ್ಟಬೇಕಂತೆ.

ನಾನು ಸಿಟ್ಟಾಗಲಿಲ್ಲ, ನಕ್ಕೆ. ಆ ನಗು ಅಳುವಾಗಲು ಹೆಚ್ಚು ಹೊತ್ತು ಹಿಡಿಯಲಿಲ್ಲ. ನನ್ನ ಮಗಳಿಗೆ ಒಂದು ತುತ್ತು ಅನ್ನ ಕಲಸಿ ಕೊಡಲು ಎರಡು ವರ್ಷದಿಂದ ಬೆಟ್ಟ ಹತ್ತಿ ಇಳಿಯುತ್ತಿದ್ದೇನೆ, ಆಗಲಿಲ್ಲ. ಅದನ್ನು ತಪ್ಪಿಸಿದವನಿಗೆ ಮೂರು ಹೊತ್ತು ಊಟ ಹಾಕಬೇಕಾದವಳು ನಾನೇ. ಕಾನೂನು ಬರೆದ ಪುಣ್ಯಾತ್ಮರು ಯಾವ ಹೊಟ್ಟೆ ತುಂಬಿದ ಹೊತ್ತಿನಲ್ಲಿ ಇದನ್ನು ಬರೆದರೋ. ಮರುದಿನ ಹೋಗಿ ಕಟ್ಟಿದೆ.

ಅವನನ್ನು ಜೈಲಿಗೆ ಕಳಿಸುವ ವಾರಂಟಿನ ವಿಷಯ ತೀರ್ಮಾನವಾಗುವ ದಿನ ಗಂಡ ಮಗಳನ್ನು ಕರೆದುಕೊಂಡು ಕೋರ್ಟಿಗೆ ಬಂದ. ಇಸ್ತ್ರಿ ಮಾಡಿದ ಫ್ರಾಕು, ಎರಡು ಜಡೆ, ಬೆನ್ನಿಗೆ ಶಾಲೆಯ ಚೀಲ. ಕೋರ್ಟ್ ಹಾಲ್‌ನ ಬಾಗಿಲಲ್ಲಿ ನನ್ನ ಭುಜದವರೆಗೆ ಬರುವ ಒಂದು ಹುಡುಗಿ ನಿಂತಿದ್ದಳು, ಒಂದು ಗಳಿಗೆ ನಾನು ಬೇರೆ ಯಾರದೋ ಮಗು ಎಂದುಕೊಂಡೆ. ಈ ತಪ್ಪನ್ನು ನಾನು ಅವರಿಗೆ ಕ್ಷಮಿಸುವುದಿಲ್ಲ, ಯಾವ ಕೋರ್ಟು ಹೇಳಿದರೂ ಕ್ಷಮಿಸುವುದಿಲ್ಲ.

ಇಂದಿನಿಂದ ತಪ್ಪದೆ ಕಳಿಸುತ್ತೇನೆ ಎಂದು ಅವನ ವಕೀಲರು ಹೇಳಿದರು. ನ್ಯಾಯಾಧೀಶರು ವಾರಂಟನ್ನು ಊಟದ ನಂತರಕ್ಕೆ ಇಟ್ಟುಕೊಂಡು, ಮೊದಲು ಮಗು ಮತ್ತು ತಾಯಿ ಮಕ್ಕಳ ಕೋಣೆಯಲ್ಲಿ ಒಂದು ಗಂಟೆ ಇರಲಿ, ಆಮೇಲೆ ನಿಮ್ಮ ಅಭಿಪ್ರಾಯ ಹೇಳಿ ಎಂದು ನನಗೆ ಹೇಳಿದರು.

ಕೋಣೆಯಲ್ಲಿ ಸಣ್ಣ ಸಣ್ಣ ಕುರ್ಚಿಗಳು, ಗೋಡೆಯ ಮೇಲೆ ಆನೆ ಮೊಲ ಬಿಡಿಸಿದ್ದರು. ಅವಳು ಗೊಂಬೆಗಳ ಕಡೆ ಹೋಗಲಿಲ್ಲ. ನಾನು ತಂದಿದ್ದ ಕಡುಬಿನ ಬುತ್ತಿ ಬಿಚ್ಚಿದೆ. ಅದನ್ನೂ ಮುಟ್ಟಲಿಲ್ಲ. ಅವಳ ಕೂದಲು ಸವರಲು ಕೈ ಚಾಚಿದೆ, ಸವರಿಸಿಕೊಂಡಳು, ಆದರೆ ಬೇರೇನೋ ಯೋಚನೆಯಲ್ಲಿದ್ದಳು. ಆಮೇಲೆ ಕುರ್ಚಿಯನ್ನು ನನ್ನ ಎದುರಿಗೆ ಎಳೆದುಕೊಂಡು, ಸಾಲದ ಮಾತಿಗೆ ಬಂದ ದೊಡ್ಡವರಂತೆ ಕೈ ಕಟ್ಟಿ ಕೂತಳು.

“ಅವ್ವ, ಅಪ್ಪನ ಜೈಲಿಗೆ ಕಳಿಸ್ಬೇಡ. ನೀ ಹೇಳ್ದ ಎಲ್ಲ ಶನಿವಾರನೂ ನಾ ಬಾನೆ. ಅಳುದೂ ಇಲ್ಲೆ.”

ಇದನ್ನು ಯಾರು ಹೇಳಿಕೊಟ್ಟರು ಎಂದು ಕೇಳಿದೆ. ಯಾರೂ ಇಲ್ಲ, ಅಪ್ಪನನ್ನು ಹಿಡಿದುಕೊಂಡು ಹೋಗುತ್ತಾರೆ ಎಂದು ಅಜ್ಜಿ ಅಳುತ್ತಿದ್ದಳು, ತಾನೇ ಯೋಚನೆ ಮಾಡಿದ್ದು ಎಂದಳು. ನನಗೆ ನಂಬಿಕೆ ಬಂತು. ಹೇಳಿಕೊಟ್ಟ ಮಾತಾಗಿದ್ದರೆ ನನಗೆ ಸಿಟ್ಟು ಮಾಡಲು ಒಬ್ಬರಾದರೂ ಇರುತ್ತಿದ್ದರು. ಎರಡು ವರ್ಷ ಒಬ್ಬ ನ್ಯಾಯಾಧೀಶರು, ಇಬ್ಬರು ವಕೀಲರು, ಒಂದು ಕುಟುಂಬದ ಅಷ್ಟೂ ಗಂಡಸರು, ನಾನು, ಎಲ್ಲ ಸೇರಿ ಮಾಡಲಾಗದ ಕೆಲಸವನ್ನು ಈ ಮಗು ತನ್ನನ್ನೇ ಒತ್ತೆ ಇಟ್ಟು ಮಾಡಲು ಹೊರಟಿತ್ತು. ನನ್ನ ಹತ್ತಿರ ಬರುವುದು ಅವಳಿಗೆ ಅಪ್ಪನನ್ನು ಬಿಡಿಸಿಕೊಳ್ಳಲು ತೆರಬೇಕಾದ ದಂಡವಾಗಿತ್ತು.

“ಆಗಲಿ ಮಗ, ಕಳಿಸುದಿಲ್ಲೆ,” ಎಂದೆ.

ಅವಳು ಸಮಾಧಾನವಾಗಿ ಎದ್ದು ಬರುತ್ತಾಳೆ, ಮಡಿಲಲ್ಲಿ ಕೂರುತ್ತಾಳೆ ಎಂದು ಕಾದೆ. ಅವಳು ಬೆನ್ನಿನ ಚೀಲ ಇಳಿಸಿ, ರಫ್ ಪುಸ್ತಕ ತೆಗೆದು, ನಡುವಿನ ಒಂದು ಹಾಳೆಯನ್ನು ಪಿನ್ನು ಕೀಳದಂತೆ ನಾಜೂಕಾಗಿ ಬಿಡಿಸಿ, ಪೆನ್ಸಿಲ್ ಸಮೇತ ನನ್ನ ಮುಂದೆ ಇಟ್ಟಳು.

“ಬಾಯಲ್ಲಿ ಹೇಳ್ದು ಬೇಡ ಅವ್ವ. ಬರ್ದು ಕೊಡು.”

ಬರೆದೆ. ಅವಳು ಅಕ್ಷರಕ್ಕೆ ಬೆರಳಿಟ್ಟು ನಿಧಾನವಾಗಿ ಓದಿದಳು, ಕೆಳಗೆ ತಾರೀಕು ಹಾಕಿಲ್ಲ ಎಂದು ವಾಪಸು ಕೊಟ್ಟಳು. ತಾರೀಕು ಹಾಕಿದ ಮೇಲೆ ಕಡುಬು ತಿಂದಳು.